ಜೇನಿಗೆ ಸಾವು ತಿಳಿಸಿದ ಗುಡ್ಡ

ಅಮೆರಿಕದ ಪೂರ್ವದ ಬೆಟ್ಟಸಾಲಿನಲ್ಲಿ, ಟಸ್ಕೊನೀ ಎಂಬ ಹೊಳೆ ಕಣಿವೆಯನ್ನು ಬಳಸಿಕೊಂಡು ದಕ್ಷಿಣಕ್ಕೆ ತಿರುಗುವ ಕಡೆ, ಬೋಳು ನೆತ್ತಿಯ ದುಂಡನೆಯ ಒಂದು ಗುಡ್ಡವಿದೆ. ಅದರ ಹೆಸರು ಟೆಲ್ಲಿಂಗ್ ನಾಬ್. ನಾಬ್ ಎಂದರೆ ಅಲ್ಲಿಯವರ ಬಾಯಲ್ಲಿ ಗುಡ್ಡ. ಕನ್ನಡದಲ್ಲಿ ಸುದ್ದಿ ಹೇಳಿದ ಗುಡ್ಡ ಎನ್ನಬಹುದು. ಹೆದ್ದಾರಿ ಬಿಟ್ಟು ಕಚ್ಚಾ ರಸ್ತೆಯಲ್ಲಿ ಆರು ಮೈಲಿ ಹೋಗಿ, ದನಗಳ ಮೇವು ಮಾರುವ ಒಂದು ಅಂಗಡಿಯ ಎದುರು ಕಾರು ನಿಲ್ಲಿಸಿ, ಅಲ್ಲಿಂದ ನಡೆದೇ ಹತ್ತಬೇಕು. ಅರ್ಧ ತಾಸಿನ ಏರು. ಮೇಲೆ ಕಲ್ಲಿನ ಹೊಗೆಗೂಡೊಂದು ನಿಂತಿದೆ. ಅದರ ಸುತ್ತ ಇದ್ದ ಮನೆ ಎಂದೋ ಕುಸಿದು ಮಣ್ಣಾಗಿದೆ, ಒಲೆಯ ಬಾಯೊಳಗೆ ಹುಲ್ಲು ಬೆಳೆದಿದೆ. ಸರಕಾರದವರು ಹಾಕಿದ ಫಲಕದಲ್ಲಿ ಗುಡ್ಡದ ಹೆಸರು ಮತ್ತು ಎತ್ತರ ಇವೆ. ಯಾರು ಯಾರಿಗೆ ಏನು ಹೇಳಿದರು ಎಂಬುದು ಇಲ್ಲ. ನಾನು ಹೋದ ದಿನ ಅಲ್ಲಿ ಗಾಳಿಯ ಹೊರತು ಬೇರೆ ಯಾರೂ ಇರಲಿಲ್ಲ.

ಕೆಳಗಿನ ಮೇವಿನ ಅಂಗಡಿಯ ಒಡತಿ ಡೆಲ್ಫಾ ಎಂಬ ಎಂಬತ್ತರ ಮೇಲಿನ ಅಜ್ಜಿ. ಈ ಐತಿಹ್ಯವನ್ನು ನನಗೆ ಹೇಳಿದವರು ಅವರೇ. ನಾನು ಧಾರವಾಡದ ಕಡೆಯ ಕಾಲೇಜೊಂದರಲ್ಲಿ ಮೂವತ್ತೊಂದು ವರ್ಷ ಇಂಗ್ಲಿಷ್ ಭಾಷೆಯ ಚರಿತ್ರೆ ಪಾಠ ಮಾಡಿದವನು ಎಂದು ತಿಳಿದಾಗ ಅವರು ಕನ್ನಡಕದ ಮೇಲಿಂದ ನನ್ನನ್ನು ನೋಡಿದ ನೋಟ ಇನ್ನೂ ನೆನಪಿದೆ. ಕಡಲು ದಾಟಿ ಬಂದವರ ಇಂಗ್ಲಿಷ್ ಈ ನೆಲದಲ್ಲಿ ಹೇಗೆ ಬದಲಾಯಿತು ಎಂಬುದಕ್ಕೆ ನಾನು ವರ್ಷಕ್ಕೆ ಎರಡು ತಾಸು ಮೀಸಲಿಡುತ್ತಿದ್ದೆ. ಇನ್ನೂರು ವರ್ಷಗಳನ್ನು ಎರಡು ತಾಸಿನಲ್ಲಿ ಮುಗಿಸಿ, ಗಂಟೆ ಹೊಡೆಯುವ ಮೊದಲು ಹಾಜರಿಯನ್ನೂ ಕರೆಯುತ್ತಿದ್ದೆ. ಬಂದವರು ಕಂಡರಿಯದ ಪ್ರಾಣಿಗಳನ್ನು ಕಂಡರು, ಆ ನೆಲದ ಮೂಲನಿವಾಸಿಗಳು ಅವನ್ನು ಕರೆಯುತ್ತಿದ್ದ ಹೆಸರನ್ನೇ ತಿರುಚಿಕೊಂಡು ರಕೂನ್ ಎಂದರು, ಪಾಸಮ್ ಎಂದರು. ತಮ್ಮೂರಿನಲ್ಲಿ ಎಲ್ಲ ಧಾನ್ಯಕ್ಕೂ ಹೇಳುತ್ತಿದ್ದ ಕಾರ್ನ್ ಎಂಬ ಮಾತನ್ನು ಇಲ್ಲಿಯ ಮೆಕ್ಕೆಜೋಳಕ್ಕೆ ಅಂಟಿಸಿದರು. ತವರಿನ ರಾಬಿನ್ ಹಕ್ಕಿ ಇಲ್ಲಿರಲಿಲ್ಲ. ಎದೆ ಕೆಂಪಗಿದ್ದ ಬೇರೊಂದು ದೊಡ್ಡ ಹಕ್ಕಿಯನ್ನು ನೋಡಿ, ಇದೇ ಇರಲಿ ಎಂದು ಅದಕ್ಕೇ ರಾಬಿನ್ ಎಂದರು. ಇಷ್ಟನ್ನು ಹೇಳಿದರೆ ನನ್ನ ಪಾಠ ಮುಗಿಯುತ್ತಿತ್ತು. ಹೀಗೆ ಮಾತು ಬದಲಾಗುವಾಗ ಒಂದು ಮನೆಯೊಳಗೆ ಏನಾಗುತ್ತದೆ ಎಂದು ಯಾವ ವಿದ್ಯಾರ್ಥಿಯೂ ಕೇಳಲಿಲ್ಲ, ನನಗೂ ಹೊಳೆದಿರಲಿಲ್ಲ.

ಹಿಂದೆ ಒಮ್ಮೆ, ಆ ಕಣಿವೆಯಲ್ಲಿ ಇಂಗ್ಲಿಷರ ಹದಿನಾಲ್ಕು ಮನೆಗಳೂ ಜರ್ಮನ್ ಕಡೆಯಿಂದ ಬಂದವರ ಒಂಬತ್ತು ಮನೆಗಳೂ ಇದ್ದ ಕಾಲದಲ್ಲಿ, ಈ ಗುಡ್ಡದ ಮೇಲೆ ತಾಮ್ಸಿನ್ ಎಂಬ ವಿಧವೆ ಇದ್ದಳು ಎನ್ನುತ್ತಾರೆ. ಇಂಗ್ಲೆಂಡಿನ ಪಶ್ಚಿಮದ ಡೆವನ್ ಸೀಮೆಯವಳು. ಗಂಡ ವಾಲ್ಟರ್, ಐದು ವರ್ಷದ ಮಗ ಜೋಬ್, ಹುಲ್ಲಿನಿಂದ ಹೆಣೆದ ಎರಡು ಬುಟ್ಟಿಗೂಡುಗಳ ತುಂಬ ಜೇನುನೊಣ, ಇಷ್ಟನ್ನು ಕಟ್ಟಿಕೊಂಡು ಹಡಗು ಹತ್ತಿದವಳು. ಆ ಸೀಮೆಯ ಜೇನು ಈ ನೆಲದಲ್ಲಿ ಮೊದಲು ಇರಲಿಲ್ಲ. ಅವೂ ವಲಸೆ ಬಂದವೇ. ವಾಲ್ಟರ್ ಎರಡನೆಯ ಚಳಿಗಾಲವನ್ನು ದಾಟಲಿಲ್ಲ. ನಾಲ್ಕು ವರ್ಷ ದುಡಿದು ಊರಿಗೆ ಮರಳೋಣ ಎಂದು ಅವನು ಹೇಳಿದ್ದನಂತೆ. ಆ ಮಾತನ್ನು ತಾಮ್ಸಿನ್ ಬಿಡಲಿಲ್ಲ. ಮೂವತ್ತು ವರ್ಷ ಕಳೆದರೂ ತಾನು ಹೊರಟು ನಿಂತವಳೇ ಎಂಬಂತೆ ಇದ್ದಳು. ನೆರೆಯವರೆಲ್ಲ ಹೊಸ ಹೆಸರುಗಳನ್ನು ಬಾಯಿಗೆ ಹಾಕಿಕೊಂಡರೂ ಅವಳು ಒಂದನ್ನೂ ಆಡಲಿಲ್ಲ. ಕೆಂಪು ಎದೆಯ ಆ ಹಕ್ಕಿಯನ್ನು ಯಾರಾದರೂ ರಾಬಿನ್ ಎಂದರೆ ಎದ್ದು ಒಳಗೆ ಹೋಗುತ್ತಿದ್ದಳು. ಒಂದೊಂದು ಹೊಸ ಮಾತನ್ನು ಒಪ್ಪಿಕೊಂಡ ಹಾಗೆಲ್ಲ ಊರು ಒಂದೊಂದು ಹರದಾರಿ ಹಿಂದೆ ಸರಿಯುತ್ತದೆ ಎಂದು ಅವಳಿಗೆ ಅನ್ನಿಸುತ್ತಿತ್ತೋ ಏನೋ. ಹಟಮಾರಿ ಎಂದು ಕಣಿವೆಯವರು ನಕ್ಕರು. ನಾನೂ ಮೊದಲು ನಕ್ಕೆ. ಆಮೇಲೆ ಅವಳ ಬಗ್ಗೆ ಕನಿಕರ ಹುಟ್ಟಿತು, ಯಾಕೆಂದರೆ ಅವಳು ಕಾಯ್ದುಕೊಂಡಿದ್ದ ಮಾತನ್ನು ಆಡಿದರೆ ಕೇಳುವುದಕ್ಕೆ ಆ ಕಣಿವೆಯಲ್ಲಿ ಮಗನೊಬ್ಬ, ಜೇನು ಒಂದು, ಬಿಟ್ಟರೆ ಇನ್ನಾರೂ ಇರಲಿಲ್ಲ.

ಜೇನಿನೊಡನೆ ಮಾತಾಡುವುದು ಅವಳ ಹುಚ್ಚೇನಲ್ಲ. ಅವಳ ಸೀಮೆಯಲ್ಲಿ ಅದು ಹಳೆಯ ನಡಾವಳಿ. ಮನೆಯ ಯಜಮಾನ ಸತ್ತರೆ ಮನೆಯವರೊಬ್ಬರು ಬಾಗಿಲ ಬೀಗದ ಕೈಯನ್ನು ಹಿಡಿದು ಜೇನುಗೂಡುಗಳ ಬಳಿಗೆ ಹೋಗಿ, ಪ್ರತಿ ಗೂಡಿಗೂ ಮೂರು ಸಲ ಮೆಲ್ಲಗೆ ತಟ್ಟಿ, ಸತ್ತವರು ಯಾರು, ಎಲ್ಲಿ ಸತ್ತರು, ಹೇಗೆ ಸತ್ತರು ಎಂದು ತಿಳಿಸಬೇಕು. ತಿಳಿಸದಿದ್ದರೆ, ಅಥವಾ ಅರ್ಧ ಹೇಳಿ ಅರ್ಧ ಮುಚ್ಚಿಟ್ಟರೆ, ಜೇನು ಯಜಮಾನನನ್ನು ಹುಡುಕಿಕೊಂಡು ಹೊರಟುಹೋಗುತ್ತದೆ. ವಾಲ್ಟರ್ ಸತ್ತಾಗ ತಾಮ್ಸಿನ್ ಹಾಗೆ ತಿಳಿಸಿದ್ದಳು, ಎರಡು ಗೂಡು ಉಳಿದು ಏಳಾಗಿದ್ದವು. ಅವಳು ಈ ನಡಾವಳಿಗೆ ತನ್ನದೂ ಒಂದು ಸೇರಿಸಿದ್ದಳು: ತವರಿನ ಜೇನಿಗೆ ತವರಿನ ಮಾತೇ ತಿಳಿಯುವುದು, ಕಣಿವೆಯ ಕಲಬೆರಕೆ ಮಾತು ಅವುಗಳ ಕಿವಿಗೆ ಬೀಳಬಾರದು. ಜೇನಿಗೆ ಕಿವಿ ಉಂಟೇ ಎಂದು ಕೇಳುವವರು ಅವಳನ್ನೇ ಕೇಳಬೇಕು.

ಜೋಬ್ ಬೆಳೆದು ಜರ್ಮನ್ ಮನೆಗಳ ಹುಡುಗಿ ಲೀಸಳನ್ನು ಮದುವೆಯಾದ. ಅವಳು ಇಂಗ್ಲಿಷ್ ಕಲಿತದ್ದು ಕಣಿವೆಯಲ್ಲಿ, ಹೊಲದ ಬೇಲಿಯ ಮೇಲೆ, ಗಿರಣಿಯ ಮುಂದೆ. ಅದರಲ್ಲಿ ಮೂರು ಕಡೆಯ ಮಾತು ಬೆರೆತಿತ್ತು. ಅತ್ತೆ ಮೊದಲ ದಿನವೇ ಇವಳ ಮಾತು ತನಗೆ ತಿಳಿಯುವುದಿಲ್ಲ ಎಂದುಬಿಟ್ಟಳು. ಸುಳ್ಳು. ತಿಳಿಯದಷ್ಟು ದೂರದ್ದಾಗಿರಲಿಲ್ಲ ಅದು, ಕೇಳಲು ಮನಸ್ಸಿರಲಿಲ್ಲ ಅಷ್ಟೆ. ಅಂದಿನಿಂದ ಒಂಬತ್ತು ವರ್ಷ ಆ ಮನೆಯಲ್ಲಿ ಅತ್ತೆ ಸೊಸೆಯರ ನಡುವೆ ಒಂದು ಮಾತೂ ನೇರವಾಗಿ ನಡೆಯಲಿಲ್ಲ. ಉಪ್ಪು ಬೇಕಾದರೆ ಅತ್ತೆ ಮಗನಿಗೆ ಹೇಳುವಳು, ಮಗ ಹೆಂಡತಿಗೆ ಹೇಳುವನು, ಉಪ್ಪು ಮೂವರ ಕೈ ದಾಟಿ ಬರುವುದು. ಪಾಪದ ಜೋಬ್ ತಾಯಿಯ ಮುಂದೆ ಒಂದು ನಾಲಿಗೆ, ಹೆಂಡತಿಯ ಮುಂದೆ ಇನ್ನೊಂದು ನಾಲಿಗೆ ಇಟ್ಟುಕೊಂಡು ಬದುಕಿದ. ಆ ಮನೆಯಲ್ಲಿ ಸಿಹಿಯೂ ಎರಡು ಬಗೆಯದು. ಅತ್ತೆ ಜೇನುತುಪ್ಪವಲ್ಲದೆ ಬೇರೆ ಮುಟ್ಟಳು. ಲೀಸ ಮತ್ತು ಜೋಬ್ ಪ್ರತಿವರ್ಷ ಹಿಮ ಕರಗುವ ಮೊದಲು ಟಸ್ಕೊನೀ ಹೊಳೆಯ ಮೇಲುಭಾಗಕ್ಕೆ ಹೋಗಿ, ಮೇಪಲ್ ಮರಗಳಿಗೆ ಗಾಯ ಮಾಡಿ ರಸ ಇಳಿಸಿ, ಹಂಡೆಗಳಲ್ಲಿ ಕುದಿಸಿ ಸಕ್ಕರೆ ಮಾಡಿ ತರುತ್ತಿದ್ದರು. ಅದು ಮೂಲನಿವಾಸಿಗಳಿಂದ ಕಲಿತ ಕೆಲಸ. ಹೊಳೆಗೆ ಹೆಸರಿಟ್ಟವರೂ ಅವರೇ. ಅಷ್ಟು ಹೊತ್ತಿಗೆ ಅವರನ್ನು ಆ ಕಣಿವೆಯಿಂದ ಅಟ್ಟಿಯಾಗಿತ್ತು. ಅಟ್ಟಿದವರು ಅವರ ಹೊಲಗಳ ಜೊತೆಗೆ ಹೆಸರುಗಳನ್ನೂ ಇಟ್ಟುಕೊಂಡಿದ್ದರು. ಇದನ್ನು ಹೇಳುವಾಗ ಡೆಲ್ಫಾ ಅಜ್ಜಿ ಅಂಗಡಿಯ ಬಾಗಿಲ ಕಡೆ ಮುಖ ತಿರುಗಿಸಿಕೊಂಡಿದ್ದರು.

ಹತ್ತನೆಯ ವರ್ಷ ಸಕ್ಕರೆ ಕುದಿಸಲು ಹೋದವರಲ್ಲಿ ಲೀಸ ಒಬ್ಬಳೇ ಮರಳಿದಳು. ಹಿಮ ಕರಗಿ ಹೊಳೆ ತುಂಬಿ ಹರಿಯುತ್ತಿದ್ದುದರಿಂದ ಹೆಣವನ್ನು ತರಲಾಗಲಿಲ್ಲ. ಅಲ್ಲಿ ಹಂಡೆ ಹೂಡಿದ್ದ ನೆರೆಯ ಇಬ್ಬರು ಸೇರಿ ಅಲ್ಲೇ ಮಣ್ಣು ಮಾಡಿದ್ದರು. ಲೀಸ ಹೊಸ್ತಿಲಲ್ಲಿ ನಿಂತು, ಜೋಬ್ ಸತ್ತ, ಕಟ್ಟಿಗೆ ಕಡಿಯುವಾಗ ಮರ ಬಿತ್ತು, ಎಂದಷ್ಟೇ ಹೇಳಿದಳು. ಉಳಿದದ್ದನ್ನು ಅತ್ತೆ ಕೇಳುತ್ತಾಳೆ ಎಂದು ಕಾದಳು. ತಾಮ್ಸಿನ್ ಏನೂ ಕೇಳಲಿಲ್ಲ. ಇಬ್ಬರ ನಡುವೆ ಮಾತು ದಾಟಿಸುತ್ತಿದ್ದವನೇ ಹೋಗಿದ್ದ. ಮಗ ಸತ್ತ ಸುದ್ದಿ ಕೇಳಿಯೂ ಹೇಗೆ ಏನು ಎನ್ನದ ಹೆಂಗಸಿನ ಎದೆ ಕಲ್ಲೇ ಇರಬೇಕೆಂದು ಸೊಸೆ ತಿಳಿದಳು. ತಾನು ಈಗ ಬಾಯಿ ತೆರೆದರೆ ಕಾಪಾಡಿಕೊಂಡ ಮೂವತ್ತು ವರ್ಷವೂ ಕೈಬಿಟ್ಟು ಹೋಗುತ್ತದೆ ಎಂದು ಅತ್ತೆ ತಿಳಿದಳು. ಒಂದೇ ಒಲೆಯ ಎರಡು ಬದಿಗೆ ಕುಳಿತು ಇಬ್ಬರೂ ಒಬ್ಬನಿಗಾಗಿಯೇ ಅತ್ತರು, ಬೇರೆ ಬೇರೆ ಅತ್ತರು.

ಮರುದಿನ ಬೆಳಿಗ್ಗೆ ತಾಮ್ಸಿನ್ ಬೀಗದ ಕೈ ಹಿಡಿದು ಗೂಡುಗಳ ಮುಂದೆ ನಿಂತಳು. ತಟ್ಟಿದಳು. ನಿಮ್ಮ ಯಜಮಾನ ಜೋಬ್ ತೀರಿಕೊಂಡನು ಎಂದಳು. ಎಲ್ಲಿ ಎಂದು ಹೇಳಬೇಕಲ್ಲ, ಅಲ್ಲಿ ತಡವರಿಸಿದಳು. ಆ ಹೊಳೆಗೆ ಅವಳ ಮಾತಿನಲ್ಲಿ ಹೆಸರಿಲ್ಲ. ಇದ್ದ ಹೆಸರನ್ನು ಅವಳು ಎಂದೂ ಆಡಿದವಳಲ್ಲ. ಒಂದು ನೀರಿನ ಬಳಿ ಎಂದಳು. ಕೊಂದ ಮರ ಯಾವುದು ಎಂದು ಅವಳು ಕೇಳಿರಲಿಲ್ಲ. ಆದರೂ ಹಂಡೆಯ ಉರಿಗೆ ಆ ಗುಡ್ಡಗಳವರು ಒಂದೇ ಜಾತಿಯ ಮರ ಕಡಿಯುತ್ತಾರೆಂದು ಗೊತ್ತಿತ್ತು, ಆ ಮರವನ್ನು ಮೂವತ್ತು ವರ್ಷ ಕಣ್ಣಿಂದ ನೋಡಿದ್ದಳು, ಅದರ ಕಾಯಿ ಕಾಲಿಗೆ ತಗುಲಿತ್ತು. ಆದರೆ ಡೆವನ್ನಿನಲ್ಲಿ ಆ ಮರವಿಲ್ಲ. ಎಲೆಯಲ್ಲಿ ತುಸು ಹೋಲುವ ಆಷ್ ಮರ ಅವಳ ಊರಲ್ಲಿತ್ತು. ಆಷ್ ಮರ ಬಿದ್ದು ಸತ್ತ ಎಂದಳು. ಹೀಗೆ ಇಲ್ಲದ ಮರವೊಂದು ತನ್ನ ಮಗನ ಮೇಲೆ ಬಿತ್ತೆಂದು ಅವಳು ಏಳು ಗೂಡಿಗೂ ಏಳು ಸಲ ಹೇಳಿ, ಸೂತಕದ ಗುರುತಿಗೆ ಗೂಡುಗಳಿಗೆ ಕಪ್ಪು ಬಟ್ಟೆ ಕಟ್ಟಿ ಒಳಗೆ ಬಂದಳು.

ವಸಂತ ಬಂದು ಬಿಸಿಲು ಏರತೊಡಗಿದಾಗ ಮೊದಲ ಗೂಡು ಖಾಲಿಯಾಯಿತು. ವಾರ ಕಳೆಯುವುದರಲ್ಲಿ ಇನ್ನೊಂದು. ಜೇನು ಗೂಡು ಬಿಟ್ಟು ಏಳುವುದಕ್ಕೆ ನೂರು ಕಾರಣ ಇರುತ್ತವೆ, ಜೇನು ಸಾಕಿದವರನ್ನು ಕೇಳಿದರೆ ಹೇಳಿಯಾರು. ತಾಮ್ಸಿನ್‌ಗೆ ಇದ್ದದ್ದು ಒಂದೇ ಕಾರಣ. ತಾನು ಸುಳ್ಳು ಹೇಳಿದ್ದೇನೆ, ಅವು ಇಲ್ಲದ ಮರವನ್ನು ಹುಡುಕುತ್ತ ಅಲೆಯುತ್ತಿವೆ. ಮೂರನೆಯದು ಎದ್ದ ದಿನ ಅವಳು ಹೊಳೆಯವರೆಗೂ ಅವುಗಳ ಹಿಂದೆ ಓಡಿದಳಂತೆ, ತನ್ನ ಊರಿನ ಮಾತಿನಲ್ಲಿ ಕರೆಯುತ್ತ. ನೀರಿನ ಆಚೆ ದಂಡೆಯಲ್ಲಿ ಕಾಡು. ಅವು ಅದರೊಳಗೆ ಹೋಗಿ ಮಾಯವಾದವು. ತವರಿನಿಂದ ಬಂದದ್ದೆಂದು ಅವಳಿಗೆ ಉಳಿದಿದ್ದುದು ಅವು ಮಾತ್ರ. ಅವೂ ಈ ನೆಲದವಾಗಿ ಹೋದವು ಎಂದು ದಂಡೆಯ ಮೇಲೆ ಕುಳಿತುಬಿಟ್ಟಳು.

ನಾಲ್ಕನೆಯ ಗೂಡು ಖಾಲಿಯಾದ ಬೆಳಿಗ್ಗೆಯೇ ಲೀಸ ಗಂಟು ಕಟ್ಟುತ್ತಿದ್ದಳು. ತವರಿನವರು ಆ ಹೊತ್ತಿಗೆ ಕಣಿವೆ ಬಿಟ್ಟು ಹೊಳೆಯಾಚೆ ಎರಡು ದಿನದ ದಾರಿಯಲ್ಲಿ ನೆಲೆಸಿದ್ದರು. ಎರಡು ತಿಂಗಳು ಕಾದಿದ್ದಳು. ಗಂಡನ ಸಾವನ್ನು ಕಣ್ಣಾರೆ ಕಂಡು, ಅದನ್ನು ಹೊಟ್ಟೆಯಲ್ಲಿ ಇಟ್ಟುಕೊಂಡು, ಕೇಳುವವರಿಲ್ಲದೆ ಎರಡು ತಿಂಗಳು ಒಂದು ಮನೆಯಲ್ಲಿ ಕಳೆಯುವುದು ಸಣ್ಣ ಮಾತಲ್ಲ. ಗಂಟನ್ನು ಎತ್ತಿಕೊಂಡು ಅಂಗಳಕ್ಕೆ ಇಳಿದರೆ ತಾಮ್ಸಿನ್ ದಾರಿಗೆ ಅಡ್ಡ ನಿಂತಿದ್ದಳು, ಕೈಯಲ್ಲಿ ಬೀಗದ ಕೈ. ಒಂಬತ್ತು ವರ್ಷಗಳ ಮೇಲೆ ಅವಳು ಸೊಸೆಯ ಮುಖ ನೋಡಿ ಆಡಿದ ಮೊದಲ ಮಾತು ಇದು.

"ಆ ಮರದ ಹೆಸರೇನು?"

ಲೀಸ ಆಡಿದ ಇಂಗ್ಲಿಷನ್ನು ನಾನು ನಮ್ಮ ಕಡೆಯ ಮಾತಿನಲ್ಲೇ ಬರೆಯುತ್ತೇನೆ. ಡೆಲ್ಫಾ ಅಜ್ಜಿ ಅದನ್ನು ಆಡಿ ತೋರಿಸಿದಾಗ ನನ್ನ ಕಿವಿಗೆ ಅದು ಹಾಗೇ ಬಿತ್ತು.

"ಹಿಕೊರಿ ಅಂತಾರ ಅದಕ್ಕ," ಎಂದಳು ಲೀಸ.

ತಾಮ್ಸಿನ್ ಆ ಮಾತನ್ನು ಬಾಯೊಳಗೆ ಹೊರಳಿಸಿ ನೋಡಿದಳು, ಆಡಲಿಲ್ಲ. ಬೀಗದ ಕೈಯನ್ನು ಮುಂದೆ ಚಾಚಿದಳು. "ನನ್ನ ಬಾಯಿಗೆ ಅದು ಬಾರದು. ಅವನು ಸತ್ತದ್ದನ್ನು ಹೇಳಲು ನನ್ನಲ್ಲಿ ಮಾತಿಲ್ಲ. ನೀನೇ ಹೇಳು."

ಲೀಸ ಗಂಟು ಕೆಳಗಿಟ್ಟು ಕೈಯೊರಸಿಕೊಂಡು ಉಳಿದ ಮೂರು ಗೂಡುಗಳ ಮುಂದೆ ಹೋದಳು. ಅಷ್ಟು ವರ್ಷದಲ್ಲಿ ಅವಳು ಅವುಗಳ ಬಳಿ ಹೋದದ್ದು ಅದೇ ಮೊದಲು. ಪ್ರತಿ ಗೂಡಿಗೂ ಮೂರು ಸಲ ತಟ್ಟಿ, ಆಮೇಲೆ ಮೂರಕ್ಕೂ ಕೇಳುವಂತೆ ನಡುವೆ ನಿಂತಳು.

"ನಿಮ್ಮ ಯಜಮಾನ ಜೋಬ್ ಸತ್ತಾನ. ಟಸ್ಕೊನೀ ಹೊಳಿ ದಂಡಿ ಮ್ಯಾಲೆ, ಸಕ್ಕರಿ ಕುದಸೋ ಜಾಗಾದಾಗ. ಹಂಡೆಕ್ಕ ಕಟಗಿ ಬೇಕಂತ ಹಿಕೊರಿ ಗಿಡಾ ಕಡೀತಿದ್ದ. ಗಿಡಾ ನಡುವ ಸೀಳಿ ಹಿಂದಕ್ಕ ಸಿಡದು ಎದಿಗೆ ಬಡೀತು. ಆಗ ಹಿಮಾ ಬೀಳತಿತ್ತು. ನಾ ಅವನ ತಲಿ ತೊಡಿ ಮ್ಯಾಲೆ ಇಟಗೊಂಡು ಕುಂತೆ. ಮರುದಿನ ಹೊತ್ತು ನೆತ್ತಿಗೆ ಬರೋತನಕ ಜೀವಾ ಇತ್ತು. ಆಮ್ಯಾಲೆ ಹೋತು."

ತಾಮ್ಸಿನ್ ಹಿಂದೆ ನಿಂತು ಕೇಳುತ್ತಿದ್ದಳು. ಮಗ ಸತ್ತು ಎರಡು ತಿಂಗಳಾದ ಮೇಲೆ ಅವಳಿಗೆ ಅವನ ಸಾವು ಗೊತ್ತಾದದ್ದು ಆಗ. ಅಲ್ಲಿಗೆ ಮುಗಿಯಿತೆಂದು ಅವಳು ಕೈಚಾಚಿದಾಗ ಲೀಸ ಬೀಗದ ಕೈ ಕೊಡಲಿಲ್ಲ. ಇನ್ನೂ ಒಂದು ಉಳಿದಿದೆ ಎಂದಳು. ಕೊನೆಗೆ ಜೋಬ್ ತನ್ನೊಡನೆ ಮಾತಾಡುವುದನ್ನು ಬಿಟ್ಟು, ಮನೆಯಲ್ಲಿ ತಾಯಿಯೊಡನೆ ಆಡುತ್ತಿದ್ದ ಮಾತಿಗೆ ಹೊರಳಿದ್ದ. ಒಂದೇ ಮಾತನ್ನು ಎರಡು ಮೂರು ಸಲ ಅಂದಿದ್ದ. ಲೀಸಳಿಗೆ ಅದು ತಿಳಿಯಲಿಲ್ಲ. ಆ ಮಾತನ್ನು ಅವಳೊಡನೆ ಯಾರೂ ಆಡಿರಲಿಲ್ಲ, ಆಡಗೊಟ್ಟಿರಲಿಲ್ಲ; ಮನೆಯಲ್ಲಿ ಕಿವಿಗೆ ಬಿದ್ದ ನಾಲ್ಕು ಮಾತಷ್ಟೇ ತಿಳಿಯುತ್ತಿತ್ತು, ಸಾಯುವವನ ಬಾಯಲ್ಲಿ ಒಡೆದು ಬಂದದ್ದು ತಿಳಿಯಲಿಲ್ಲ. ಮರೆತುಹೋದೀತೆಂದು ಎರಡು ತಿಂಗಳು ದಿನವೂ ಅದನ್ನು ತನ್ನೊಳಗೇ ಹೇಳಿಕೊಂಡಿದ್ದಳು. ಈಗ ಅವನು ಅಂದಂತೆಯೇ ಗೂಡುಗಳ ಮುಂದೆ ಅಂದಳು, ಅರ್ಥ ತಿಳಿಯದೆ, ಒಂದೊಂದೇ ತುಣುಕಾಗಿ. ಅಂದು ತಾಮ್ಸಿನ್ ಕಡೆಗೆ ತಿರುಗಿದಳು.

"ಅವಾ ಏನಂದ, ಅತ್ತಿ?"

ತಾಮ್ಸಿನ್ ತನ್ನ ಮಾತಿನಲ್ಲಿ ಹೇಳಲು ಹೊರಟು ಎರಡು ಸಲ ನಿಲ್ಲಿಸಿದಳು. ಅದನ್ನು ಆ ಮಾತಿನಲ್ಲಿ ಹೇಳಿದರೆ ಇವಳಿಗೆ ಮುಟ್ಟದು. ಕೊನೆಗೆ, ಮೂವತ್ತು ವರ್ಷ ಬಾಯಿಗೆ ಸೋಕಿಸದ ಕಣಿವೆಯ ಮಾತಿನಲ್ಲಿ, ತಡೆತಡೆದು ಹೇಳಿದಳು.

"ಲೀಸಗ ಚಳಿ ಆಗೇತಿ, ಅವ್ವಾ. ಆಕಿಗೆ ಹೊದಿಸು."

ಉಳಿದ ಮೂರು ಗೂಡುಗಳ ಜೇನು ಹೋಗಲಿಲ್ಲ ಎನ್ನುತ್ತಾರೆ. ಲೀಸಳೂ ಹೋಗಲಿಲ್ಲ. ಇಬ್ಬರು ಹೆಂಗಸರೂ ಆ ಗುಡ್ಡದ ಮೇಲೆ ಮತ್ತೆ ಹನ್ನೊಂದು ವರ್ಷ ಬಾಳಿದರು. ಅತ್ತೆ ಹಿಕೊರಿಗೆ ಹಿಕೊರಿ ಎನ್ನಲು ಕಲಿತಳು, ಸರಿಯಾಗಿ ಅಲ್ಲ. ಅವಳಿಂದ ಸೊಸೆ ಹಳೆಯ ಮಾತನ್ನು ಕಲಿಯಬೇಕೆಂದು ಕುಳಿತದ್ದೂ ಉಂಟು, ಆದರೆ ಅಷ್ಟು ಹೊತ್ತಿಗೆ ಮುದುಕಿಗೇ ಅದು ಒಂದೊಂದಾಗಿ ಮರೆಯತೊಡಗಿತ್ತು. ಅವಳು ಸತ್ತಾಗ ಗೂಡುಗಳಿಗೆ ಸುದ್ದಿ ಹೇಳಿದವಳು ಲೀಸ. ಜೋಬ್ ಕೊನೆಗೆ ಅಂದ ಮಾತು ಅವನು ಅಂದ ರೂಪದಲ್ಲಿ ಹೇಗಿತ್ತು ಎಂದು ಕೇಳಿದೆ. ಅದು ಯಾರಿಗೂ ಉಳಿದಿಲ್ಲ ಎಂದರು ಡೆಲ್ಫಾ ಅಜ್ಜಿ. ಲೀಸಳ ಕಾಲಕ್ಕೇ ಮುಗಿಯಿತು, ಕಣಿವೆಯ ಮಾತಿನಲ್ಲಿ ಹೇಳಿದ್ದಷ್ಟೇ ನಮಗೆ ಬಂದದ್ದು.

ಹೊಗೆಗೂಡನ್ನು ದಾಟಿ ಇಪ್ಪತ್ತು ಹೆಜ್ಜೆ ನಡೆದರೆ ಗೂಡುಗಳನ್ನು ಇಡುತ್ತಿದ್ದ ಏಳು ಚಪ್ಪಟೆ ಕಲ್ಲುಗಳು ಸಾಲಾಗಿ ಸಿಗುತ್ತವೆ. ನಾಲ್ಕನ್ನು ಯಾರೋ ಅಂದೇ ಬೋರಲು ಹಾಕಿದ್ದಾರೆ, ಮೂರು ಹಾಗೇ ಇವೆ. ಜೇನು ಈಗ ಇಲ್ಲ. ಆದರೂ ಕಣಿವೆಯಲ್ಲಿ ಸಾವಾದ ಮನೆಯವರು ಇಂದಿಗೂ ಇಲ್ಲಿಗೆ ಹತ್ತಿ ಬರುತ್ತಾರೆ, ಆ ಮೂರು ಕಲ್ಲುಗಳನ್ನು ಮನೆಯ ಬೀಗದ ಕೈಯಿಂದ ತಟ್ಟಿ ಸುದ್ದಿ ಹೇಳುತ್ತಾರೆ. ಬೇರೆ ದೇಶಗಳಿಂದ ಬಂದು ನೆಲೆಸಿದವರೂ ಬರುವುದುಂಟು. ಯಾವ ಮಾತಿನಲ್ಲಾದರೂ ಹೇಳಬಹುದು. ಅರ್ಧ ಮಾತ್ರ ಹೇಳಿ ಇಳಿಯಬಾರದು. ತಟ್ಟಿ ತಟ್ಟಿ ಕಲ್ಲಿನ ಅಂಚು ನುಣುಪಾಗಿದೆ. ನನ್ನ ಹೆಂಡತಿ ನೀಲಾಂಬಿಕೆ ಹೋಗಿ ಆಗ ಎರಡು ವರ್ಷವಾಗಿತ್ತು. ಬಂದವರೆಲ್ಲ ಸಮಾಧಾನ ಹೇಳಿದ್ದರು, ಹೇಗಾಯಿತು ಎಂದು ಯಾರೂ ಪೂರ್ತಿ ಕೇಳಿರಲಿಲ್ಲ, ನಾನೂ ಹೇಳಿರಲಿಲ್ಲ. ಜೇಬಿನಲ್ಲಿ ಧಾರವಾಡದ ಮನೆಯ ಬೀಗದ ಕೈ ಇತ್ತು. ಮೂರು ಸಲ ತಟ್ಟಿ, ಅವಳ ಹೆಸರು ಹೇಳಿದೆ, ಆಸ್ಪತ್ರೆ ಇದ್ದ ಓಣಿ ಹೇಳಿದೆ, ಬೆಳಗಿನ ಹೊತ್ತು ಹೇಳಿದೆ, ಕಿಟಕಿಯ ಹೊರಗೆ ಅವಳು ನೋಡುತ್ತ ಮಲಗಿದ್ದ ಮರವನ್ನು ಹೇಳಿದೆ. ಆ ಬೆಟ್ಟಗಳಲ್ಲಿ ಬೇವು ಬೆಳೆಯುವುದಿಲ್ಲ. ನಾನು ಬೇವಿನ ಗಿಡ ಎಂದೇ ಹೇಳಿದೆ.